ಗೀಳುಪ್ರೇಮದ ಸಿನಿಮಾ: ‘ಡರ್’, ‘ಪ್ರೀತ್ಸೆ’, ‘ಆಪ್ತಮಿತ್ರ’ ಮತ್ತು ಕೋಲಾರದ ಗಡಿಸೀಮೆ

ಒಲ್ಲೆನೆಂದವಳನ್ನು ಬಿಡದೆ ಬೆನ್ನುಹತ್ತುವ, ಅದನ್ನೇ ಪ್ರೀತಿಯೆಂದು ನಂಬುವ ಗಂಡಸನ್ನು ನಡುವೆ ಇಟ್ಟುಕೊಂಡ ಚಿತ್ರಗಳನ್ನು ಗೀಳುಪ್ರೇಮದ ಚಿತ್ರಗಳೆಂದು ಕರೆಯಬಹುದು. ಇಂಥ ಕಥೆ ಹಳೆಯದು. ಆದರೆ ಹಿಂದಿ ಸಿನಿಮಾದಲ್ಲಿ ಅದಕ್ಕೆ ಜನಪ್ರಿಯ ರೂಪ ಸಿಕ್ಕಿದ್ದು 1993ರಲ್ಲಿ. ಆ ವರ್ಷ ‘ಬಾಜಿಗರ್’ ಬಂದ ಕೆಲವೇ ವಾರಗಳಿಗೆ, ಡಿಸೆಂಬರ್ ತಿಂಗಳಲ್ಲಿ, ಯಶ್ ಚೋಪ್ರಾ ನಿರ್ದೇಶನದ ‘ಡರ್’ ತೆರೆಕಂಡಿತು. ಮುಂದಿನ ವರ್ಷ, ‘ಡರ್’ನಲ್ಲಿ ಗೀಳುಪ್ರೇಮಿಯಾಗಿದ್ದ ಶಾರುಖ್ ಖಾನ್ ‘ಅಂಜಾಮ್’ನಲ್ಲಿ ಇನ್ನೂ ಕ್ರೂರನಾದ ಪ್ರೇಮಿಯಾಗಿ ಬಂದರು, ಆ ಪಾತ್ರಕ್ಕೆ ಫಿಲ್ಮ್‌ಫೇರ್‌ನ ಖಳನಟ ಪ್ರಶಸ್ತಿಯೂ ಬಂತು. ಕನ್ನಡಕ್ಕೆ ‘ಡರ್’ ಬಂದದ್ದು ‘ಪ್ರೀತ್ಸೆ’ಯಾಗಿ, 2000ದಲ್ಲಿ. ಈ ಚಿತ್ರಗಳ ಬಗ್ಗೆ ನಡೆಯುವ ಚರ್ಚೆ ಸಾಮಾನ್ಯವಾಗಿ ಒಂದೇ ಪ್ರಶ್ನೆಯ ಸುತ್ತ ಗಿರಕಿ ಹೊಡೆಯುತ್ತದೆ: ಗೀಳು ಹಿಡಿದವನಿಗೆ ಕೊನೆಯಲ್ಲಿ ಶಿಕ್ಷೆಯಾಯಿತೇ ಇಲ್ಲವೇ? ಅದು ಅಷ್ಟು ಮುಖ್ಯವಾದ ಪ್ರಶ್ನೆಯಲ್ಲ. ಬೆನ್ನುಹತ್ತಿಸಿಕೊಂಡವಳಿಗೆ ಚಿತ್ರ ಎಷ್ಟು ಹೊತ್ತು ಕೊಡುತ್ತದೆ, ಎಷ್ಟು ಮಾತು ಕೊಡುತ್ತದೆ ಎಂಬುದರಲ್ಲಿ ಇಂಥ ಚಿತ್ರದ ಗುಣ ನಿರ್ಧಾರವಾಗುತ್ತದೆ. ಈ ಅಳತೆಯನ್ನು ಹಿಡಿದು ನೋಡಿದರೆ ಕನ್ನಡದ ಮಟ್ಟಿಗೆ ಮುಖ್ಯವಾದ ಉದಾಹರಣೆ ಸಿಗುವುದು ‘ಪ್ರೀತ್ಸೆ’ಯಲ್ಲಲ್ಲ. ಅದು ಸಿಗುವುದು ನಾಲ್ಕು ವರ್ಷ ತಡವಾಗಿ ಬಂದ ‘ಆಪ್ತಮಿತ್ರ’ದಲ್ಲಿ, ಮುಳಬಾಗಿಲು ಸೀಮೆಯ ನಟಿಯೊಬ್ಬರ ಪಾತ್ರದಲ್ಲಿ.

‘ಡರ್’ ಚಿತ್ರದ ರಾಹುಲ್ ನೌಕಾಪಡೆಯ ದೊಡ್ಡ ಅಧಿಕಾರಿಯ ಮಗ. ತಾಯಿ ಸತ್ತಿದ್ದಾಳೆ, ಅವನು ಮಾತ್ರ ಅವಳೊಡನೆ ಫೋನಿನಲ್ಲಿ ಮಾತಾಡುತ್ತಲೇ ಇರುತ್ತಾನೆ. ಕಾಲೇಜಿನಲ್ಲಿ ಜೊತೆಗೆ ಓದಿದ ಕಿರಣ್ ಎಂಬ ಹುಡುಗಿಯ ಹೆಸರನ್ನು ತೊದಲುತ್ತ ಉಚ್ಚರಿಸುತ್ತಾನೆ, ಚಾಕುವಿನಿಂದ ಅದನ್ನೇ ಎದೆಯ ಮೇಲೆ ಕೊರೆದುಕೊಳ್ಳುತ್ತಾನೆ, ಅವಳ ಮನೆಗೆ ಹಗಲೂ ರಾತ್ರಿ ಫೋನ್ ಮಾಡುತ್ತಾನೆ. ಅವಳ ಪ್ರಿಯಕರ ಸುನಿಲ್ ನೌಕಾಪಡೆಯ ಕಮಾಂಡೋ, ಅದೂ ರಾಹುಲನ ತಂದೆಯ ಕೈಕೆಳಗಿನವನು. ಮದುವೆಯಾದ ದಂಪತಿ ಸ್ವಿಟ್ಜರ್ಲೆಂಡಿಗೆ ಹೋದರೆ ಇವನು ಅಲ್ಲಿಗೂ ಬರುತ್ತಾನೆ, ಕೊನೆಗೆ ಸುನಿಲನ ಕೈಯಲ್ಲಿ ಸಾಯುತ್ತಾನೆ. ಇಷ್ಟನ್ನು ಕಾಗದದ ಮೇಲೆ ಓದಿದರೆ ಇದು ಖಳನ ಕಥೆಯೇ. ತೆರೆಯ ಮೇಲೆ ಲೆಕ್ಕ ಬೇರೆ. ಒಬ್ಬನೇ ಕೂತು ಕನವರಿಸುವ ಏಕಾಂತ ಅವನಿಗಿದೆ. ಶಿವ್-ಹರಿ ಜೋಡಿಯ ಸಂಗೀತದ ಮಾಧುರ್ಯ ಅವನ ಕಡೆಗಿದೆ. ಫೋನಿನ ಆ ತುದಿಯಲ್ಲಿ ಅವನು ಪಡುವ ಯಾತನೆಯ ಹತ್ತಿರಕ್ಕೆ ಕ್ಯಾಮರಾ ಹೋಗುತ್ತದೆ. ಈ ತುದಿಯಲ್ಲಿರುವ ಕಿರಣ್‌ಗೆ ಬೆಚ್ಚುವುದು, ಅಳುವುದು, ಗಂಡನ ತೋಳಿಗೆ ಓಡುವುದು ಬಿಟ್ಟರೆ ಹೆಚ್ಚಿನ ಕೆಲಸವಿಲ್ಲ. ಅವಳಿಗೆ ಇಷ್ಟವಾದ ಪುಸ್ತಕ ಯಾವುದು, ಅವಳು ಮುಂದೇನಾಗಬೇಕೆಂದಿದ್ದಳು ಎಂಬುದೊಂದೂ ನೋಡುಗನಿಗೆ ತಿಳಿಯದು. ನಾಯಕನಾಗಿ ನಟಿಸಿದ ಸನ್ನಿ ಡಿಯೋಲ್ ಅವರೇ ಮುಂದೆ ಸಂದರ್ಶನಗಳಲ್ಲಿ, ಖಳನನ್ನು ಮೆರೆಸಲಾಯಿತೆಂಬ ತಮ್ಮ ಅಸಮಾಧಾನವನ್ನು ಮುಚ್ಚಿಡಲಿಲ್ಲ. ಅವರ ದೂರು ನಾಯಕನ ಪರವಾಗಿತ್ತು. ಅದಕ್ಕಿಂತ ದೊಡ್ಡ ದೂರು ನಾಯಕಿಯ ಪರವಾಗಿ ಇರಬೇಕಾಗಿತ್ತು. ಕಿರಣ್ ಪಾತ್ರ ಮಾಡಿದ ಜೂಹಿ ಚಾವ್ಲಾ ಕನ್ನಡಿಗರಿಗೆ ಹೊಸಬರೇನಲ್ಲ. ಹಿಂದಿಯಲ್ಲಿ ಹೆಸರಾಗುವ ಮುಂಚೆಯೇ, 1987ರ ರವಿಚಂದ್ರನ್ ಚಿತ್ರ ‘ಪ್ರೇಮಲೋಕ’ದಲ್ಲಿ ಅವರು ರೇಗಿಸಿದವನಿಗೆ ತಿರುಗಿ ರೇಗಿಸಿ, ಹಾಡಿಗೆ ಹಾಡಿನಲ್ಲೇ ಉತ್ತರ ಕೊಡುವ ಹುಡುಗಿಯಾಗಿದ್ದರು. ಆರು ವರ್ಷದ ಬಳಿಕ ಅದೇ ನಟಿಗೆ ಹಿಂದಿಯ ದೊಡ್ಡ ಬ್ಯಾನರ್ ಕೊಟ್ಟದ್ದು ನಡುಗುವ ಕೆಲಸ.

ಗೀಳು ಹಿಡಿದವನ ಒಳಮನಸ್ಸನ್ನು ತೋರಿಸುವುದೇ ತಪ್ಪು ಎನ್ನುವ ವಾದವೊಂದಿದೆ. ಕನ್ನಡ ಕಾವ್ಯಪರಂಪರೆ ಬಲ್ಲವರು ಅದನ್ನು ಒಪ್ಪಲಾರರು. ನಾಗಚಂದ್ರನ ರಾವಣ ಒಲ್ಲದ ಹೆಣ್ಣನ್ನು ಮುಟ್ಟೆನೆಂಬ ವ್ರತ ಹೊತ್ತವನು. ಸೀತೆಯನ್ನು ಕಂಡು ಜಾರುತ್ತಾನೆ, ಅವಳ ಅಚಲ ನಿಷ್ಠೆಯನ್ನು ಕಂಡು ಕರಗುತ್ತಾನೆ, ಪಶ್ಚಾತ್ತಾಪಪಡುತ್ತಾನೆ. ಜನ್ನನ ‘ಅನಂತನಾಥ ಪುರಾಣ’ (1230) ಇನ್ನೂ ಮುಂದೆ ಹೋಗುತ್ತದೆ. ಅಲ್ಲಿನ ಚಂಡಶಾಸನ ಗೆಳೆಯ ವಸುಷೇಣನ ಮನೆಗೆ ಅತಿಥಿಯಾಗಿ ಬಂದು ಗೆಳೆಯನ ಹೆಂಡತಿ ಸುನಂದೆಗೆ ಮನಸೋಲುತ್ತಾನೆ, ಅವಳನ್ನು ಹೊತ್ತೊಯ್ಯುತ್ತಾನೆ, ಅವಳು ಒಲಿಯದಿದ್ದಾಗ ಗಂಡನದೆಂದು ಮಾಯೆಯ ತಲೆಯೊಂದನ್ನು ಅವಳೆದುರು ಇಡಿಸುತ್ತಾನೆ. ಸುನಂದೆ ಆ ನೋವಿಗೆ ಪ್ರಾಣ ಬಿಡುತ್ತಾಳೆ. ಅವನು ಅವಳ ಚಿತೆಯಲ್ಲಿ ತಾನೂ ಬೇಯುತ್ತಾನೆ. ‘ಡರ್’ಗಿಂತ ಏಳೂವರೆ ಶತಮಾನ ಹಿಂದೆ ಕನ್ನಡದ ಕವಿಯೊಬ್ಬ ಗೀಳುಪ್ರೇಮಿಯ ಕಥೆಯನ್ನು ಚಿತೆಯವರೆಗೂ ನಡೆಸಿದ್ದ. ಜನ್ನ ಚಂಡಶಾಸನನ ತಳಮಳವನ್ನು ಎಳ್ಳಷ್ಟೂ ಕಡಿಮೆ ಮಾಡಿ ಹೇಳಿದವನಲ್ಲ. ಆದರೂ ಓದುಗ ಅವನ ಪಕ್ಷ ಸೇರುವುದಿಲ್ಲ. ಯಾಕೆಂದರೆ ಸುನಂದೆಯ ನಿರಾಕರಣೆ ಕಾವ್ಯದಲ್ಲಿ ಅಷ್ಟೇ ತೂಕದಿಂದ ಇದೆ. ಅವನ ಆಸೆ ಎಷ್ಟು ಬೆಳೆಯುತ್ತದೋ ಅವಳ ನಿಲುವೂ ಅಷ್ಟೇ ಬೆಳೆಯುತ್ತದೆ. ಒಳಮನಸ್ಸನ್ನು ತೋರಿಸುವುದರಿಂದ ಅಪಾಯವಿಲ್ಲ. ಒಂದೇ ಒಳಮನಸ್ಸನ್ನು ತೋರಿಸುವುದರಿಂದ ಅಪಾಯ. ಈ ಮಾತಿಗೆ ಇನ್ನೊಂದು ತುದಿಯ ಸಾಕ್ಷಿ ಕೋಲಾರ ಜಿಲ್ಲೆಯಲ್ಲೇ ಇದೆ. ಮಾಲೂರು ತಾಲ್ಲೂಕಿನಲ್ಲಿ 1891ರಲ್ಲಿ ಹುಟ್ಟಿದ ಮಾಸ್ತಿ ವೆಂಕಟೇಶ ಅಯ್ಯಂಗಾರರ ‘ವೆಂಕಟಿಗನ ಹೆಂಡತಿ’ ಕಥೆಯಲ್ಲಿ ಬಡವನೊಬ್ಬನ ಹೆಂಡತಿ ಉಳ್ಳವನ ಹಿಂದೆ ಹೊರಟುಹೋಗುತ್ತಾಳೆ. ಅವನು ಬೆನ್ನಟ್ಟುವುದಿಲ್ಲ, ಹಗೆ ಸಾಧಿಸುವುದಿಲ್ಲ. ತಿರುಗಿ ಬಂದಾಗ ಮನೆಯೊಳಗೆ ಕರೆದುಕೊಳ್ಳುತ್ತಾನೆ. ಪ್ರೀತಿಯಿದ್ದೂ ಒಡೆತನ ಬೇಡವೆನ್ನುವ ಗಂಡಸು ಕನ್ನಡ ಕಥೆಗೆ ಅಪರಿಚಿತನಲ್ಲ ಎನ್ನುವುದಕ್ಕೆ ವೆಂಕಟಿಗ ಸಾಕು. ಸಿನಿಮಾ ಮಾತ್ರ ಅವನ ಕಡೆ ಹೆಚ್ಚು ತಿರುಗಿ ನೋಡಲಿಲ್ಲ.

ಕನ್ನಡ ಚಿತ್ರರಂಗಕ್ಕೂ ಗೀಳನ್ನು ಹಿಂದಿಯಿಂದ ಕಲಿಯಬೇಕಾಗಿರಲಿಲ್ಲ. ಪುಟ್ಟಣ್ಣ ಕಣಗಾಲರ ‘ಮಾನಸ ಸರೋವರ’ (1982) ಇದಕ್ಕೆ ಒಳ್ಳೆಯ ನಿದರ್ಶನ. ಬುದ್ಧಿ ಕದಡಿದ ಹುಡುಗಿಯನ್ನು ಮನೋವೈದ್ಯ ಗುಣಪಡಿಸುತ್ತಾನೆ, ಗುಣಪಡಿಸುತ್ತಲೇ ಅವಳನ್ನು ಪ್ರೀತಿಸತೊಡಗುತ್ತಾನೆ. ಚೇತರಿಸಿಕೊಂಡವಳು ಬೇರೊಬ್ಬನನ್ನು ಆರಿಸಿಕೊಂಡಾಗ ವೈದ್ಯನೇ ಹುಚ್ಚನಾಗುತ್ತಾನೆ. ಶ್ರೀನಾಥ್ ಅಭಿನಯಿಸಿದ ಆ ವೈದ್ಯನ ಮೇಲೆ ಮರುಕ ಹುಟ್ಟುತ್ತದೆ, ಆದರೆ ಅವಳ ಆಯ್ಕೆ ತಪ್ಪೆಂದು ಚಿತ್ರ ಎಲ್ಲೂ ತೀರ್ಪು ಕೊಡುವುದಿಲ್ಲ. ತೊಂಬತ್ತರ ದಶಕದ ನಡುವೆ ಈ ಸಮತೂಕ ತಪ್ಪಿತು. 1995ರಲ್ಲಿ ಬಂದ ಎರಡು ಚಿತ್ರಗಳನ್ನು ಅಕ್ಕಪಕ್ಕ ಇಟ್ಟು ನೋಡಬೇಕು. ಉಪೇಂದ್ರ ನಿರ್ದೇಶನದ ‘ಓಂ’ನಲ್ಲಿ ಶಿವರಾಜ್‌ಕುಮಾರ್ ಅಭಿನಯಿಸಿದ ಸತ್ಯ ಅರ್ಚಕರ ಮಗ, ಈಗ ರೌಡಿ, ಹುಡುಗಿಯೊಬ್ಬಳನ್ನು ಬೆದರಿಸಿ ಕಾಡುವವನು. ಫ್ಲ್ಯಾಷ್‌ಬ್ಯಾಕ್ ಬರುವ ಹೊತ್ತಿಗೆ ಅವನು ಹೀಗಾದುದರಲ್ಲಿ ಅವಳ ಪಾಲೂ ಇದೆಯೆಂದು ತಿಳಿದು ನೋಡುಗನ ಸಿಟ್ಟು ದಿಕ್ಕು ಬದಲಿಸುತ್ತದೆ. ‘ಓಂ’ ಕಟ್ಟುವಿಕೆಯಲ್ಲಿ ಅಸಾಧಾರಣ ಚಿತ್ರ, ದಶಕಗಳ ಕಾಲ ಮತ್ತೆ ಮತ್ತೆ ಬಿಡುಗಡೆಯಾದ ಚಿತ್ರ. ಅದರ ಯಶಸ್ಸನ್ನು ಅಲ್ಲಗಳೆಯಲಾಗದು. ಆದರೆ ಕಾಡಿದವನ ತಪ್ಪನ್ನು ಕಾಡಿಸಿಕೊಂಡವಳ ಲೆಕ್ಕಕ್ಕೆ ಬರೆಯುವ ಉಪಾಯ ಕನ್ನಡದಲ್ಲಿ ಊರ್ಜಿತವಾದದ್ದು ಅಲ್ಲಿ. ಅದೇ ವರ್ಷ ಸುನಿಲ್ ಕುಮಾರ್ ದೇಸಾಯಿ ‘ಬೆಳದಿಂಗಳ ಬಾಲೆ’ ಮಾಡಿದರು. ಯಂಡಮೂರಿ ವೀರೇಂದ್ರನಾಥರ ತೆಲುಗು ಕಾದಂಬರಿಯಿಂದ ಬಂದ ಈ ಕಥೆಯಲ್ಲೂ ಫೋನೇ ಮುಖ್ಯ, ಆದರೆ ಫೋನ್ ಮಾಡುವವಳು ಹೆಣ್ಣು. ಅನಂತ್ ನಾಗ್ ಅಭಿನಯಿಸಿದ ಚದುರಂಗದ ಆಟಗಾರ ಅವಳ ದನಿಯೊಂದನ್ನೇ ಹಿಡಿದು ಅವಳನ್ನು ಹುಡುಕುತ್ತ ಹೋಗುತ್ತಾನೆ. ಗೀಳು ಇಲ್ಲಿಯೂ ಇದೆ. ಆಟದ ನಿಯಮ ಹಾಕುವವಳು ಅವಳು, ಮುಖ ತೋರಿಸಬೇಕೋ ಬೇಡವೋ ಎಂದು ತೀರ್ಮಾನಿಸುವವಳೂ ಅವಳು. ‘ಡರ್’ನ ಫೋನು ಬೆದರಿಕೆ, ಇಲ್ಲಿಯದು ಆಹ್ವಾನ, ಯಂತ್ರ ಒಂದೇ, ಯಾರ ಕೈಯಲ್ಲಿದೆ ಎಂಬುದರ ಮೇಲೆ ಕಥೆಯ ನೀತಿಯೇ ಬದಲಾಯಿತು.

‘ಪ್ರೀತ್ಸೆ’ ಈ ಹಿನ್ನೆಲೆಯಲ್ಲಿ ಬಂತು. ಡಿ. ರಾಜೇಂದ್ರಬಾಬು ನಿರ್ದೇಶನ, ರಾಕ್‌ಲೈನ್ ವೆಂಕಟೇಶ್ ನಿರ್ಮಾಣ, ಹಂಸಲೇಖ ಸಂಗೀತ, ನಾಯಕಿ ಸೋನಾಲಿ ಬೇಂದ್ರೆ. ತಾರಾಗಣದ ಹಂಚಿಕೆ ಕುತೂಹಲದ್ದು: ‘ಓಂ’ನಲ್ಲಿ ಹುಡುಗಿಯನ್ನು ಕಾಡಿದ ಶಿವರಾಜ್‌ಕುಮಾರ್ ಇಲ್ಲಿ ಕಾಯುವವನು, ‘ಓಂ’ ನಿರ್ದೇಶಿಸಿದ ಉಪೇಂದ್ರ ಇಲ್ಲಿ ಕಾಡುವವನು. ಅಷ್ಟರಲ್ಲಿ ಉಪೇಂದ್ರ ‘ಎ’ (1998) ಮತ್ತು ‘ಉಪೇಂದ್ರ’ (1999) ಚಿತ್ರಗಳಿಂದ ಯುವಕರ ಆರಾಧ್ಯ ನಟರಾಗಿದ್ದರು. ಅಂಥವರು ಗೀಳುಪ್ರೇಮಿಯಾಗಿ ಬಂದಾಗ ಶಿಳ್ಳೆ ಯಾರಿಗೆ ಬೀಳುತ್ತದೆಂದು ಹೇಳಬೇಕಾಗಿಲ್ಲ. ಹಿಂದಿಯಲ್ಲಿ ಆಗಿನ್ನೂ ಮೇಲೇರುತ್ತಿದ್ದ ನಟನೊಬ್ಬನ ಸಾಹಸವಾಗಿದ್ದ ಪಾತ್ರ ಕನ್ನಡದಲ್ಲಿ ಆಗಲೇ ಮೆರೆಯುತ್ತಿದ್ದ ತಾರೆಯ ಉತ್ಸವವಾಯಿತು. ಕಥೆ ಬದಲಾಗದಿದ್ದರೂ ವಾಲಿಕೆ ಹೆಚ್ಚಿತು. ಮರುವರ್ಷ, ತಮಿಳಿನ ‘ಸೇತು’ ಚಿತ್ರದ ರಿಮೇಕಾದ ‘ಹುಚ್ಚ’ದಲ್ಲಿ ಸುದೀಪ್ ಹುಡುಗಿಯನ್ನು ಹೊತ್ತೊಯ್ದು ಹೆದರಿಸಿ ಒಪ್ಪಿಸುವ ಪುಂಡನಾದರು. ಅಲ್ಲಿ ನಾಯಕ, ಖಳ ಎಂಬ ಭೇದವೂ ಉಳಿಯಲಿಲ್ಲ.

ಇಂಥ ರಿಮೇಕುಗಳನ್ನು ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರ ತಾಲ್ಲೂಕುಗಳಿಂದ ನೋಡುವುದು ಮೈಸೂರಿನಿಂದಲೋ ಶಿವಮೊಗ್ಗದಿಂದಲೋ ನೋಡಿದಂತಲ್ಲ. 1960ರ ದಶಕದ ಚಳವಳಿಯ ನಂತರ ಕನ್ನಡಕ್ಕೆ ಡಬ್ಬಿಂಗ್ ನಿಂತಿತ್ತು. ಅದು ಕಾನೂನಲ್ಲ, ಚಿತ್ರರಂಗದ ಕಟ್ಟುಪಾಡು. 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗ ಅದರ ವಿರುದ್ಧ ಆದೇಶ ಕೊಡುವವರೆಗೂ ಗಟ್ಟಿಯಾಗಿಯೇ ಇತ್ತು. ಆದ್ದರಿಂದ ಅಲ್ಲಿಯವರೆಗೆ ಹೊರಗಿನ ಚಿತ್ರ ಕನ್ನಡಕ್ಕೆ ಬರಬೇಕಾದರೆ ರಿಮೇಕೊಂದೇ ದಾರಿಯಾಗಿತ್ತು. ಈ ಸೀಮೆಯಲ್ಲಿ ಆ ದಾರಿಯ ಅವಶ್ಯಕತೆಯೇ ಕಡಿಮೆಯಿತ್ತು. ಮುಳಬಾಗಿಲು ದಾಟಿ ನಂಗಲಿಯ ಆಚೆ ಹೋದರೆ ಆಂಧ್ರ, ಶ್ರೀನಿವಾಸಪುರದ ಆಚೆ ಮದನಪಲ್ಲಿ, ಮಾಲೂರಿನ ಕೆಳಗೆ ಹೊಸೂರು. ತೆಲುಗು ಮನೆಮಾತಾಗಿ ಕನ್ನಡದಲ್ಲಿ ಓದುಬರಹ ಕಲಿತ ಕುಟುಂಬಗಳು ಇಲ್ಲಿ ಊರೂರಲ್ಲೂ ಇವೆ, ಪೇಟೆಗಳಲ್ಲಿ ದಖನಿ ಉರ್ದು ಕೇಳಿಸುತ್ತದೆ, ತಮಿಳು ದೂರದ್ದಲ್ಲ. ತೆಲುಗು ಪೋಸ್ಟರು ಕನ್ನಡ ಪೋಸ್ಟರಿನಷ್ಟೇ ಸಹಜವಾಗಿ ಗೋಡೆ ಹಿಡಿಯುವ ಊರುಗಳಿವು. ಕಮಲ್ ಹಾಸನ್ ಅವರ ‘ಗುಣ’ (1991) ಆಗಲಿ, ‘ಡರ್’ ಆಗಲಿ ಇಲ್ಲಿನವರಿಗೆ ಮೂಲದಲ್ಲೇ ಎಟಕುವಂಥವು. ಒಂದೇ ಗೀಳು ಬೇರೆ ಬೇರೆ ಭಾಷೆಯ ಬಟ್ಟೆ ತೊಟ್ಟು ಬಂದಾಗ ಕಥೆಯಲ್ಲಿ ಹೊಸದೇನೂ ಉಳಿದಿರುವುದಿಲ್ಲ. ಆಗ ಕಣ್ಣು ಹೋಗುವುದು ಪಾತ್ರದ ಮಾತಿನ ಮೇಲೆ, ಯಾರು ಯಾವ ನುಡಿಯಲ್ಲಿ ಮಾತಾಡುತ್ತಾರೆ ಎಂಬುದರ ಮೇಲೆ.

‘ಆಪ್ತಮಿತ್ರ’ (2004) ಇಲ್ಲಿ ವಿಶೇಷವಾಗುವುದು ಆ ಕಾರಣಕ್ಕೆ. ಅದರ ಮೂಲ, ಫಾಸಿಲ್ ನಿರ್ದೇಶನದ ಮಲಯಾಳಂ ‘ಮಣಿಚಿತ್ರತಾಳ್’, ತೆರೆಕಂಡದ್ದು ‘ಡರ್’ ಬಂದ 1993ರ ಡಿಸೆಂಬರ್‌ನಲ್ಲೇ. ಶೋಭನಾ ಅವರಿಗೆ ರಾಷ್ಟ್ರೀಯ ಪ್ರಶಸ್ತಿ ತಂದ ಚಿತ್ರ ಅದು. ಕನ್ನಡದಲ್ಲಿ ದ್ವಾರಕೀಶ್ ನಿರ್ಮಿಸಿ, ಪಿ. ವಾಸು ನಿರ್ದೇಶಿಸಿದರು. ವಿಷ್ಣುವರ್ಧನ್ ಮನೋವೈದ್ಯ, ರಮೇಶ್ ಅರವಿಂದ್ ಗಂಡ, ಹೆಂಡತಿ ಗಂಗಾ ಪಾತ್ರದಲ್ಲಿ ಸೌಂದರ್ಯ. ಕಥೆಯೊಳಗಿನ ಕಥೆ ಗೀಳಿನದೇ: ವಿಜಯ ರಾಜೇಂದ್ರ ಬಹದ್ದೂರ್ ಎಂಬ ದೊರೆ ತೆಲುಗು ನಾಡಿನ ನರ್ತಕಿ ನಾಗವಲ್ಲಿಯನ್ನು ಬಯಸಿ, ಅವಳ ಮನಸ್ಸು ಬೇರೆಡೆ ಇದೆಯೆಂದು ತಿಳಿದು, ಅವಳನ್ನೂ ಅವಳ ಪ್ರಿಯಕರನನ್ನೂ ಕೊಂದಿದ್ದಾನೆ. ‘ಡರ್’ ಮಾದರಿಯ ಚಿತ್ರವಾಗಿದ್ದರೆ ತೆರೆ ದೊರೆಯದಾಗುತ್ತಿತ್ತು. ಇಲ್ಲಿ ದೊರೆ ಹಳೆಯ ಸುದ್ದಿ. ಕಥೆ ಹಿಡಿದಿರುವುದು ಕೊಲೆಯಾದವಳ ಸಿಟ್ಟನ್ನು, ಆ ಸಿಟ್ಟು ಈಗಿನ ಕಾಲದ ಹೆಣ್ಣೊಬ್ಬಳ ಮೈಯಲ್ಲಿ ಬಂದು ಕೂರುವುದನ್ನು. ಗಂಗಾ ನಾಗವಲ್ಲಿಯಾದಾಗ ಅವಳ ನುಡಿ ತೆಲುಗಾಗುತ್ತದೆ, ಹಾಡು ತೆಲುಗಾಗುತ್ತದೆ. ದನಿ ಕೆಳಗಿಳಿದು ಒರಟಾಗುತ್ತದೆ, ಕಣ್ಣು ಎದುರಿನವನನ್ನು ಅಳೆಯುತ್ತದೆ, ಗಂಡ ಕರೆದ ಹೆಸರಿಗೆ ಅವಳು ಓಗೊಡುವುದಿಲ್ಲ. ರಾಜ್ಯದ ಬೇರೆ ಕಡೆಯ ನೋಡುಗನಿಗೆ ಆ ತೆಲುಗು ಪರಕೀಯತೆಯ ಗುರುತು, ಪಿಶಾಚಿಯ ಗುರುತು. ಮುಳಬಾಗಿಲಿನ ಸಂತೆಯಲ್ಲೋ ಶ್ರೀನಿವಾಸಪುರದ ಮಾವಿನ ಮಂಡಿಯಲ್ಲೋ ದಿನವೂ ತೆಲುಗು ಕೇಳುವವನಿಗೆ ಅದು ಹಾಗೆ ಕೇಳಿಸಲಾರದು. ಅವನಿಗೆ ಅದು ಅರ್ಥವಾಗುವ ದೂರು. ಭಾಷೆ ತಿಳಿದವನಿಗೆ ಭೂತ ಹೆಂಗಸಾಗಿಬಿಡುತ್ತದೆ.

ಆ ಪಾತ್ರಕ್ಕೆ ಸೌಂದರ್ಯ ಸಿಕ್ಕದ್ದು ಇದಕ್ಕೆ ಒತ್ತಾಸೆಯಾಯಿತು. ಕೋಲಾರ ಜಿಲ್ಲೆಯ ಮುಳಬಾಗಿಲು ಸೀಮೆಯ ಮೂಲದವರು, ಚಿತ್ರಕಥೆಗಾರ ಹಾಗೂ ನಿರ್ಮಾಪಕ ಸತ್ಯನಾರಾಯಣ ಅವರ ಮಗಳು. 1992ರ ‘ಗಂಧರ್ವ’ದಿಂದ ಕನ್ನಡದಲ್ಲಿ ಆರಂಭಿಸಿ ತೆಲುಗಿನ ಅಗ್ರ ನಾಯಕಿಯಾದರು, ಹಿಂದಿಯಲ್ಲಿ ಅಮಿತಾಭ್ ಬಚ್ಚನ್ ಜೊತೆ ‘ಸೂರ್ಯವಂಶಂ’ (1999) ಮಾಡಿದರು. ತಾವೇ ನಿರ್ಮಿಸಿ ನಟಿಸಿದ, ಗಿರೀಶ್ ಕಾಸರವಳ್ಳಿ ನಿರ್ದೇಶನದ ‘ದ್ವೀಪ’ (2002) ಅತ್ಯುತ್ತಮ ಚಿತ್ರವೆಂಬ ರಾಷ್ಟ್ರೀಯ ಪ್ರಶಸ್ತಿ ಪಡೆಯಿತು. ಎರಡು ನುಡಿಗಳ ನಡುವೆ ಹೀಗೆ ಸಲೀಸಾಗಿ ಓಡಾಡಿದ ನಟಿ ಒಂದೇ ದೃಶ್ಯದೊಳಗೆ ಕನ್ನಡದಿಂದ ತೆಲುಗಿಗೆ ದಾಟಿದಾಗ ಅದು ಕಲಿತು ಒಪ್ಪಿಸಿದ ಪಾಠದಂತೆ ಕಾಣುವುದಿಲ್ಲ. 2004ರ ಏಪ್ರಿಲ್ 17ರಂದು ಬೆಂಗಳೂರಿನಲ್ಲಿ ನಡೆದ ವಿಮಾನ ಅಪಘಾತದಲ್ಲಿ ಅವರು ತೀರಿಕೊಂಡರು. ಚಿತ್ರ ಬಿಡುಗಡೆಯಾದದ್ದು ಆ ಬಳಿಕ, ಆಗಸ್ಟ್‌ನಲ್ಲಿ. ಜನ ಅದನ್ನು ಅವರ ಕೊನೆಯ ದರ್ಶನವೆಂಬ ಭಾವದಲ್ಲಿ ನೋಡಿದ್ದು ನಿಜ. ಆದರೆ ಸಾವಿನ ಅನುಕಂಪವೊಂದರಿಂದಲೇ ಚಿತ್ರ ಒಂದು ವರ್ಷ ಓಡಲಾರದು.

ಈ ವಾದಕ್ಕೆ ಆಕ್ಷೇಪಗಳಿವೆ, ಕೆಲವು ಗಟ್ಟಿಯಾದವು. ಮೊದಲನೆಯದು: ‘ಆಪ್ತಮಿತ್ರ’ ಹೆಣ್ಣಿಗೆ ಮಾತು ಕೊಟ್ಟಿತು ಸರಿ, ಆದರೆ ಅದನ್ನು ಕಾಯಿಲೆಯೆಂದು ಕರೆಯಿತು, ಸಿಟ್ಟಾದ ಹೆಂಗಸನ್ನು ಗಂಡಸು ವೈದ್ಯ ಬಂದು ರಿಪೇರಿ ಮಾಡಿ ಗಂಡನ ಕೈಗೆ ಒಪ್ಪಿಸಿದ. ಇದು ಬಹುಮಟ್ಟಿಗೆ ಒಪ್ಪಬೇಕಾದ ಮಾತೇ. ಆದರೆ ಚಿಕಿತ್ಸೆಯ ವಿಧಾನ ಗಮನಿಸಿ: ನಾಗವಲ್ಲಿಯ ಕೋಪ ಸುಳ್ಳೆಂದು ವೈದ್ಯ ವಾದಿಸುವುದಿಲ್ಲ. ದೊರೆಯನ್ನು ಕೊಂದೆನೆಂಬ ತೃಪ್ತಿ ಅವಳಿಗೆ ಸಿಗುವಂತೆ ನಾಟಕ ಹೂಡುತ್ತಾನೆ. ಅವಳ ದೂರಿಗೆ ನ್ಯಾಯವಿದೆಯೆಂದು ಒಪ್ಪಿಕೊಂಡ ಮೇಲೆಯೇ ಕಾಯಿಲೆ ಬಿಡುವುದು. ‘ಡರ್’ನಲ್ಲಿ ಕಿರಣ್‌ಗೆ ಇಂಥ ಕ್ಷಣ ಒಂದೂ ಇಲ್ಲ, ಅವಳ ಪರವಾಗಿ ಗಂಡ ಹೊಡೆದಾಡಿ ಮುಗಿಸುತ್ತಾನೆ. ಎರಡನೆಯ ಆಕ್ಷೇಪ: ಕೆಟ್ಟವನು ಸಾಯುತ್ತಾನಲ್ಲ, ಇನ್ನೇನು ಬೇಕು? ಎರಡೂವರೆ ಗಂಟೆ ಹಾಡು, ಕಣ್ಣೀರು, ಚಂದದ ಬೆಳಕು ಕೊಟ್ಟು ಕೊನೆಯ ಹತ್ತು ನಿಮಿಷದಲ್ಲಿ ಕೊಂದರೆ ಅದು ಶಿಕ್ಷೆಯಾಗುವುದಿಲ್ಲ, ಹುತಾತ್ಮ ಪದವಿಯಾಗುತ್ತದೆ. ಚಿತ್ರಮಂದಿರದಿಂದ ಹೊರಬಂದವರು ಅನುಕರಿಸಿದ್ದು ಕಮಾಂಡೋನ ಹೊಡೆತವನ್ನಲ್ಲ, ತೊದಲನ್ನು.

ಮೂರನೆಯದು ಎಲ್ಲಕ್ಕಿಂತ ಹೆಚ್ಚು ಕೇಳಿಬರುವುದು: ಸಿನಿಮಾ ನೋಡಿ ಯಾರೂ ಕೆಡುವುದಿಲ್ಲ, ಜನಕ್ಕೆ ಕಥೆ ಯಾವುದು ಬದುಕು ಯಾವುದು ಗೊತ್ತಿದೆ. ಗೊತ್ತಿರಬಹುದು. ಸಿನಿಮಾ ಅಪರಾಧಿಗಳನ್ನು ತಯಾರಿಸುತ್ತದೆಂದು ಹೇಳಲು ಪುರಾವೆ ಸಾಲದು, ಇಲ್ಲಿ ಹಾಗೆ ಹೇಳುತ್ತಲೂ ಇಲ್ಲ. ಅದು ಕೊಡುವುದು ನುಡಿಗಟ್ಟನ್ನು, ಬೆನ್ನುಹತ್ತುವವನು ತನ್ನನ್ನು ತಾನು ವಿವರಿಸಿಕೊಳ್ಳಲು ಬಳಸುವ ಭಾಷೆಯನ್ನು. ಬಸ್ ಸ್ಟ್ಯಾಂಡಿನಿಂದ ಕಾಲೇಜಿನ ಗೇಟಿನವರೆಗೆ ಹುಡುಗಿಯ ಹಿಂದೆ ನಡೆಯುವುದಕ್ಕೆ ‘ಒನ್ ವೇ ಲವ್’ ಎಂಬ ಮುದ್ದಿನ ಹೆಸರಿದ್ದಾಗ ಅದು ಕಿರುಕುಳವೆಂದು ಹೇಳುವುದು ಹುಡುಗಿಗೇ ಕಷ್ಟವಾಗುತ್ತದೆ. ಕಾನೂನಿನ ಚರಿತ್ರೆಯೂ ಈ ಕಡೆಗೇ ಬೆರಳು ತೋರಿಸುತ್ತದೆ. ‘ಡರ್’ ಬಂದಾಗ ಹಿಂಬಾಲಿಸಿ ಕಾಡುವುದು ಭಾರತದಲ್ಲಿ ಪ್ರತ್ಯೇಕ ಅಪರಾಧವಾಗಿರಲಿಲ್ಲ. 2013ರ ತಿದ್ದುಪಡಿ ಭಾರತೀಯ ದಂಡ ಸಂಹಿತೆಗೆ 354ಡಿ ಕಲಮನ್ನು ಸೇರಿಸಿತು. 2024ರ ಜುಲೈನಿಂದ ಅದು ಭಾರತೀಯ ನ್ಯಾಯ ಸಂಹಿತೆಯ 78ನೇ ಕಲಂ. ಮೊದಲ ಸಲಕ್ಕೆ ಮೂರು ವರ್ಷದವರೆಗೆ, ಮತ್ತೆ ಮಾಡಿದರೆ ಐದು ವರ್ಷದವರೆಗೆ ಸೆರೆ. ಆ ಕಲಮಿನ ತಿರುಳಿರುವುದು ಶಿಕ್ಷೆಯ ಅವಧಿಯಲ್ಲಲ್ಲ. ಆಕೆ ತನಗೆ ಆಸಕ್ತಿಯಿಲ್ಲವೆಂದು ಸ್ಪಷ್ಟವಾಗಿ ತೋರಿಸಿದ ಮೇಲೂ ಮತ್ತೆ ಮತ್ತೆ ಹಿಂಬಾಲಿಸಿದರೆ ಅಪರಾಧ ಎನ್ನುತ್ತದೆ ಅದು. ಅಂದರೆ ಕಾನೂನು ಮೊದಲು ಕೇಳುವುದು ಅವಳು ಏನು ಹೇಳಿದಳು ಎಂದು. ‘ಡರ್’ ಮತ್ತು ‘ಪ್ರೀತ್ಸೆ’ ಕೊನೆಯವರೆಗೂ ಕೇಳದ ಪ್ರಶ್ನೆ ಅದು.

ಇಷ್ಟರಿಂದ ಕನ್ನಡ ಸಿನಿಮಾ ‘ಆಪ್ತಮಿತ್ರ’ ತೋರಿದ ದಾರಿಯಲ್ಲಿ ನಡೆಯಿತೆಂದುಕೊಂಡರೆ ನಿರಾಸೆ ಖಂಡಿತ. ಪಿ. ವಾಸು ಅವರೇ ನಿರ್ದೇಶಿಸಿದ ಮುಂದುವರಿಕೆ ‘ಆಪ್ತರಕ್ಷಕ’ 2010ರ ಫೆಬ್ರವರಿಯಲ್ಲಿ, ವಿಷ್ಣುವರ್ಧನ್ ತೀರಿಕೊಂಡ ಎರಡು ತಿಂಗಳೊಳಗೆ ಬಂತು. ಅದರಲ್ಲಿ ವೈದ್ಯನ ಜೊತೆಗೆ ವಿಜಯ ರಾಜೇಂದ್ರ ಬಹದ್ದೂರನ ಪಾತ್ರವೂ ವಿಷ್ಣುವರ್ಧನ್ ಅವರದೇ. ಮೊದಲ ಚಿತ್ರದಲ್ಲಿ ಹಿನ್ನೆಲೆಗೆ ಸರಿದಿದ್ದ ದೊರೆ ಇಲ್ಲಿ ಕತ್ತಿ, ಕುದುರೆ, ಅಟ್ಟಹಾಸ ಸಮೇತ ನಡುವೆ ಬಂದ. ಅವನ ವಿಚಿತ್ರ ಉದ್ಗಾರ ಆ ವರ್ಷ ಮಕ್ಕಳ ಬಾಯಲ್ಲೆಲ್ಲ ನಲಿಯಿತು. ನಾಗವಲ್ಲಿ ಪಟದೊಳಕ್ಕೆ ಹಿಂದಿರುಗಿದಳು. ಅವಳ ಪಟವಿದ್ದ ಮನೆಗೆ ಕೇಡು ತಪ್ಪದೆಂಬ ಭಯವೇ ಮುಂದಕ್ಕೆ ಬಂತು. ನಟನಾಗಿ ವಿಷ್ಣುವರ್ಧನ್ ಆ ದೊರೆಯಲ್ಲಿ ತೋರಿಸಿದ ಹುರುಪು ದೊಡ್ಡದು, ಅಭಿಮಾನಿಗಳಿಗೆ ಅದು ಬೆಲೆಬಾಳುವ ಕೊನೆಯ ಕಾಣಿಕೆ. ಆದರೆ ಕೊಲೆಗಾರನಿಗೆ ಜನರ ನಾಲಿಗೆಯ ಮೇಲೆ ಕುಣಿಯುವ ಮಾತು ಸಿಕ್ಕಿತು, ಆರು ವರ್ಷ ಹಿಂದೆ ತೆಲುಗಿನಲ್ಲಿ ಲೆಕ್ಕ ಕೇಳಿದ್ದವಳಿಗೆ ಅಂಥದೊಂದು ಸಾಲು ಸಿಕ್ಕಲಿಲ್ಲ.